ಒಗ್ಗಿಹೋದವರ ಬಾಯಾರಿಕೆ

“ಅದು ಮರುಭೂಮಿಯ ಪ್ರಾಣಿ, ಅದಕ್ಕೆ ನೀರೇ ಬೇಡ.” ಜರ್ಬಿಲ್ ಸಾಕಿದ ಮನೆಗೆ ಬಂದ ನೆಂಟರಲ್ಲಿ ಒಬ್ಬರಾದರೂ ಈ ಮಾತು ಹೇಳದೆ ಕಾಫಿ ಕುಡಿದು ಎದ್ದುಹೋಗುವುದಿಲ್ಲ. ಹೇಳುವವರು ಕೆಟ್ಟವರಲ್ಲ. ಶಾಲೆಯಲ್ಲಿ ಓದಿದ ಒಂಟೆಯ ಪಾಠ ತಲೆಯಲ್ಲಿ ಉಳಿದಿದೆ. ಅದನ್ನು ಅಂಗೈಯಲ್ಲಿ ಹಿಡಿಸುವ ಇನ್ನೊಂದು ಪ್ರಾಣಿಗೂ ಅನ್ವಯಿಸುತ್ತಿದ್ದಾರೆ, ಅಷ್ಟೆ. ಈ ಮಾತಿನ ಬಗ್ಗೆ ನನಗೆ ಸಿಟ್ಟಿಗಿಂತ ಕುತೂಹಲವೇ ಹೆಚ್ಚು. ಪೂರ್ತಿ ಸುಳ್ಳಾಗಿದ್ದರೆ ಅದು ಇಷ್ಟು ಕಾಲ ಬಾಳುತ್ತಿರಲಿಲ್ಲ. ಅದರಲ್ಲಿ ಅರ್ಧ ವಿಜ್ಞಾನವಿದೆ, ಆ ಅರ್ಧವೇ ಪ್ರಾಣಿಯ ಜೀವಕ್ಕೆ ಎರವಾಗುವುದು.

ಜರ್ಬಿಲ್ ಕಾಣದವರಿಗೆ ಎರಡು ಮಾತು. ಇದು ಇಲಿಯ ಬಳಗದ್ದೇ. ತೂಕ 60ರಿಂದ 100 ಗ್ರಾಂ. ಬಾಲದ ತುಂಬ ಕೂದಲು, ತುದಿಯಲ್ಲಿ ಸಣ್ಣ ಕುಚ್ಚು. ಹಿಂಗಾಲುಗಳ ಮೇಲೆ ನೆಟ್ಟಗೆ ನಿಂತು ಸುತ್ತ ನೋಡುತ್ತದೆ, ಹೆದರಿದಾಗ ಅದೇ ಕಾಲುಗಳಿಂದ ನೆಲವನ್ನು ಪಟಪಟನೆ ಬಡಿದು ಮನೆಮಂದಿಯನ್ನು ಎಚ್ಚರಿಸುತ್ತದೆ. ಇದರ ಒಬ್ಬ ದೂರದ ದಾಯಾದಿ ನಮ್ಮ ಬಯಲುಸೀಮೆಯ ಹೊಲಗಳ ಬದುವಿನಲ್ಲೇ ಬಿಲ ತೋಡಿಕೊಂಡಿದ್ದಾನೆ. ರೈತ ಅವನನ್ನು ಸಾಕುವುದಿಲ್ಲ, ಕಂಡರೆ ಹೊಡೆಯುತ್ತಾನೆ. ಅದಕ್ಕೆ ಅವನದೇ ಕಾರಣಗಳಿವೆ. ಜಗತ್ತಿನ ಮನೆಗಳಲ್ಲಿ ಗಾಜಿನ ತೊಟ್ಟಿ ಸೇರಿರುವುದು ಮಂಗೋಲಿಯದ ಜರ್ಬಿಲ್. ಫ್ರೆಂಚ್ ಪಾದ್ರಿ ಆರ್ಮಾಂಡ್ ಡೇವಿಡ್ ಉತ್ತರ ಚೀನಾದಿಂದ ಪ್ಯಾರಿಸ್ಸಿಗೆ ಕಳುಹಿಸಿದ ಮಾದರಿಗಳನ್ನು ನೋಡಿ ಮಿಲ್ನ್ ಎಡ್ವರ್ಡ್ಸ್ 1867ರಲ್ಲಿ ಇದನ್ನು ಶಾಸ್ತ್ರೀಯವಾಗಿ ವರ್ಣಿಸಿದ. 1935ರಲ್ಲಿ ಅಮೂರ್ ನದಿಯ ಪ್ರದೇಶದಲ್ಲಿ ಹಿಡಿದ 20 ಜೋಡಿಗಳು ಜಪಾನಿನ ಪ್ರಯೋಗಾಲಯ ಸೇರಿದವು. ಅವುಗಳ ಸಂತಾನದಲ್ಲಿ 11 ಜೋಡಿ 1954ರಲ್ಲಿ ಅಮೆರಿಕಕ್ಕೆ ಹೋಯಿತು, ಅಲ್ಲಿಂದ 1964ರಲ್ಲಿ ಬ್ರಿಟನ್ನಿಗೆ. ಪಾರ್ಶ್ವವಾಯು ಮತ್ತು ಅಪಸ್ಮಾರದ ಸಂಶೋಧನೆಗೆ ಇವು ಬೇಕಾಗಿದ್ದವು. ಮಿದುಳಿನ ಬುಡದಲ್ಲಿ ರಕ್ತನಾಳಗಳ ಬಳೆ ಇವುಗಳಲ್ಲಿ ಅಪೂರ್ಣವಾಗಿರುವುದರಿಂದ ಪ್ರಯೋಗಕ್ಕೆ ಅನುಕೂಲ. ಮಕ್ಕಳ ಕೋಣೆಗೆ ಬಂದದ್ದು ಆಮೇಲೆ. ಅಂದರೆ ಇಂದು ಯಾವುದೋ ಮಗುವಿನ ಮೇಜಿನ ಮೇಲಿರುವ ಜರ್ಬಿಲ್ ಮರುಭೂಮಿ ಕಂಡದ್ದಲ್ಲ. ಅದರ ಅಜ್ಜನ ಅಜ್ಜನೂ ಕಂಡಿಲ್ಲ.

ಆದರೆ ಮೈ ಮಾತ್ರ ಮರುಭೂಮಿಯದೇ, ಸುಳ್ಳಲ್ಲ. ಇಲ್ಲಿ ಸ್ವಲ್ಪ ನಿಧಾನಿಸಬೇಕು, ಏಕೆಂದರೆ ಕತೆ ನಿಜಕ್ಕೂ ಸೊಗಸಾಗಿದೆ.

ನೀರು ಕುಡಿಯದೆ ಬದುಕುವ ಪ್ರಾಣಿಗಳ ಬಗ್ಗೆ ಗಟ್ಟಿಯಾದ ಲೆಕ್ಕ ಮೊದಲು ಸಿಕ್ಕಿದ್ದು ಅಮೆರಿಕದ ಕಾಂಗರೂ ಇಲಿಯಿಂದ. ನಾರ್ವೆಯಲ್ಲಿ ಹುಟ್ಟಿದ ಕ್ನುಟ್ ಶ್ಮಿಟ್ ನೀಲ್ಸನ್ 1940ರ ದಶಕದ ಕೊನೆಗೆ ಅರಿಜೋನಾದ ಮರುಭೂಮಿಯಲ್ಲಿ ಇದರ ಬೆನ್ನು ಹತ್ತಿದ. ಅದಕ್ಕೂ ಮೊದಲು ಜನ ಏನೇನೋ ಹೇಳುತ್ತಿದ್ದರು: ಒಳಗೆಲ್ಲೋ ನೀರು ಕೂಡಿಟ್ಟಿರುತ್ತದೆ, ರಾತ್ರಿ ಇಬ್ಬನಿ ನೆಕ್ಕುತ್ತದೆ, ಇತ್ಯಾದಿ. ಆತ ಮಾಡಿದ್ದು ಅಪ್ಪಟ ಶೆಟ್ಟರ ಅಂಗಡಿಯ ಕೆಲಸ, ನೀರಿನ ಜಮಾ ಖರ್ಚು ಬರೆದದ್ದು. ಕಾಂಗರೂ ಇಲಿ ತಿಂಗಳ ಮೇಲೆ ಕೆಲವು ದಿನಗಳಲ್ಲಿ 100 ಗ್ರಾಂ ಬಾರ್ಲಿ ತಿನ್ನುತ್ತದೆ. ಪಿಷ್ಟವು ಮೈಯೊಳಗೆ ಉರಿದಾಗ ಅದರ ಹೈಡ್ರೋಜನ್ ಉಸಿರಿನ ಆಮ್ಲಜನಕದೊಡನೆ ಕೂಡಿ ನೀರು ಹುಟ್ಟುತ್ತದೆ. ಹೀಗೆ 100 ಗ್ರಾಂ ಬಾರ್ಲಿಯಿಂದ 54 ಗ್ರಾಂ. ಕಾಳಿನಲ್ಲಿ ಮೊದಲೇ ಇದ್ದ ತೇವ ಸುಮಾರು 6 ಗ್ರಾಂ. ಒಟ್ಟು ಜಮಾ 60. ಖರ್ಚು ನೋಡಿ: ಉಸಿರು ಮತ್ತು ಚರ್ಮದಿಂದ ಆರಿಹೋಗುವುದು 44ರಷ್ಟು, ಮೂತ್ರದಲ್ಲಿ 13ರ ಆಸುಪಾಸು, ಹಿಕ್ಕೆಯಲ್ಲಿ 3ಕ್ಕಿಂತ ಕಡಿಮೆ. ಹೊಂದಿಕೆಯಾಯಿತು, ಒಂದು ಗುಟುಕು ನೀರಿಲ್ಲದೆ.

ಈ ಹೊಂದಿಕೆಯ ಹಿಂದೆ ಮೂತ್ರಪಿಂಡದ ಜಾಣತನವಿದೆ. ಕಾಂಗರೂ ಇಲಿಯ ಮೂತ್ರ ಮನುಷ್ಯನ ಅತಿ ಗಾಢ ಮೂತ್ರಕ್ಕಿಂತ ಸುಮಾರು ನಾಲ್ಕು ಪಟ್ಟು ಗಾಢ. ಮೂಗಿನ ಜಾಣತನವೂ ಇದೆ: ಒಳಕ್ಕೆಳೆದ ಒಣಗಾಳಿ ಮೂಗಿನ ಗೋಡೆಯನ್ನು ತಂಪು ಮಾಡಿರುತ್ತದೆ, ಹೊರಹೋಗುವ ಉಸಿರಿನ ತೇವ ಆ ತಂಪಿಗೆ ಅಲ್ಲೇ ಹನಿಗಟ್ಟಿ ಉಳಿಯುತ್ತದೆ. ಅಮೆರಿಕದ ಆ ಇಲಿಗೂ ಮಂಗೋಲಿಯದ ಜರ್ಬಿಲ್‌ಗೂ ರಕ್ತಸಂಬಂಧ ದೂರದ್ದು. ಒಣನಾಡು ಒಡ್ಡಿದ ಒಂದೇ ಪ್ರಶ್ನೆಗೆ ಎರಡು ಖಂಡಗಳಲ್ಲಿ ಜೀವವಿಕಾಸ ಹತ್ತಿರ ಹತ್ತಿರದ ಉತ್ತರ ಬರೆದಿದೆ. ಜರ್ಬಿಲ್‌ಗೂ ಗಾಢ ಮೂತ್ರ, ಒಣ ಹಿಕ್ಕೆ, ಬೆವರದ ಮೈ. ಒಣ ಕಾಳಿನ ಮೇಲೆ ಅದು ನಮ್ಮ ಊಹೆಗಿಂತ ಹೆಚ್ಚು ಕಾಲ ಜೀವ ಹಿಡಿದುಕೊಂಡಿರಬಲ್ಲದು.

ಇಲ್ಲಿಗೆ ನೆಂಟರ ವಿಜ್ಞಾನ ಮುಗಿಯಿತು. ಉಳಿದ ಅರ್ಧಕ್ಕೆ ಬರೋಣ.

ಮೇಲಿನ ಆ 60 ಮತ್ತು 60ರ ಹೊಂದಿಕೆಗೆ ಒಂದು ಷರತ್ತಿದೆ. ಅದು 25 ಡಿಗ್ರಿ ಶಾಖ, ಶೇ 20ರ ಆರ್ದ್ರತೆಗೆ ಬರೆದ ಲೆಕ್ಕ. ಗಾಳಿ ಇನ್ನೂ ಒಣಗಿದರೆ ಕಾಂಗರೂ ಇಲಿಯೂ ಸಾಲಕ್ಕೆ ಬೀಳುತ್ತದೆ. ಅದಕ್ಕೆ ಸೋಯಾ ಕಾಳು ತಿನ್ನಿಸಿದಾಗ, ಪ್ರೋಟೀನಿನ ಯೂರಿಯಾ ಹೊರಹಾಕಲು ನೀರು ಸಾಲದೆ ಅದು ಕುಡಿಯಲೇಬೇಕಾಯಿತು ಎಂಬುದನ್ನೂ ಅದೇ ಸಂಶೋಧಕರು ತೋರಿಸಿದರು. ಕಾಡಿನ ಪ್ರಾಣಿ ಲೆಕ್ಕ ತಪ್ಪದಂತೆ ಸಾವಿರ ಉಪಾಯ ಮಾಡುತ್ತದೆ. ಬಿಸಿಲು ಜೋರಾದರೆ ನೆಲದಡಿ ಇಳಿಯುತ್ತದೆ. ಬಿಲದೊಳಗೆ ಉಸಿರಿನ ತೇವ ನಿಂತಿರುತ್ತದೆ, ಅಲ್ಲಿ ಕೂಡಿಟ್ಟ ಬೀಜಗಳು ಆ ತೇವವನ್ನು ಹೀರಿ ಮತ್ತೆ ಅದರ ಹೊಟ್ಟೆಗೆ ತರುತ್ತವೆ. ಬೇಸಿಗೆಯಲ್ಲಿ ಹಸಿರೆಲೆ, ಬೇರು ಹುಡುಕಿ ತಿನ್ನುತ್ತದೆ.

ಗಾಜಿನ ತೊಟ್ಟಿಗೆ ಹಾಕಿದ ದಿನ ಇವೆಲ್ಲವೂ ನಮ್ಮ ಪಾಲಾದವು. ಕೆಳಕ್ಕೆ ತೋಡಿದರೆ ಒಂದು ಗೇಣಿಗೆ ಗಾಜು ಸಿಗುತ್ತದೆ. ತೊಟ್ಟಿ ಕಿಟಕಿಯ ಬಿಸಿಲಿಗಿದೆಯೋ ಹೀಟರಿನ ಪಕ್ಕಕ್ಕಿದೆಯೋ, ತಟ್ಟೆಗೆ ಸೂರ್ಯಕಾಂತಿ ಬೀಳುತ್ತದೋ ನವಣೆ ತೆನೆಯೋ, ಎಲ್ಲ ನಮ್ಮ ಮರ್ಜಿ. ಕ್ಯಾಲಿಫೋರ್ನಿಯಾದಲ್ಲಿ ಜರ್ಬಿಲ್ ಸಾಕುವುದು ಕಾನೂನುಬಾಹಿರ. ಕಾರಣ ಸ್ವಾರಸ್ಯವಾಗಿದೆ: ತಪ್ಪಿಸಿಕೊಂಡರೆ ಅಲ್ಲಿನ ಒಣಭೂಮಿಯಲ್ಲಿ ಯಾರ ಹಂಗೂ ಇಲ್ಲದೆ ಸಂಸಾರ ಹೂಡಿ, ಸ್ಥಳೀಯ ಜೀವಿಗಳಿಗೂ ಬೆಳೆಗೂ ಕುತ್ತು ತಂದೀತೆಂಬ ಭಯ. ನಮ್ಮನ್ನು ಬಿಟ್ಟು ಓಡಿಹೋದರೆ ಒಣನೆಲದಲ್ಲೂ ಬದುಕಬಲ್ಲ ಪ್ರಾಣಿ, ನಮ್ಮ ಮೇಜಿನ ಮೇಲೆ ನಲ್ಲಿಯಿಂದ ಹತ್ತು ಹೆಜ್ಜೆ ದೂರದಲ್ಲಿ ಬಾಯಾರಿ ಸಾಯಬಲ್ಲದು. ಜರ್ಬಿಲ್ ದುರ್ಬಲ, ಅದಕ್ಕೇ ಅದಕ್ಕೆ ನೀರು ಕೊಡಬೇಕು ಎಂದು ನಾನು ವಾದಿಸುತ್ತಿಲ್ಲ. ಅದು ಗಟ್ಟಿ ಪ್ರಾಣಿ. ಅದರ ಉಪಾಯಗಳನ್ನೆಲ್ಲ ಕಿತ್ತುಕೊಂಡವರು ನಾವು, ನಮ್ಮ ಹೊಣೆ ಹುಟ್ಟುವುದು ಅಲ್ಲಿ.

ಇನ್ನೊಂದು ಸಾಕ್ಷಿಯೂ ಇದೆ, ಎಲ್ಲಕ್ಕಿಂತ ಸರಳವಾದದ್ದು. ನೀರಿಟ್ಟರೆ ಜರ್ಬಿಲ್ ಕುಡಿಯುತ್ತದೆ. ದಿನಕ್ಕೆ ನಾಲ್ಕೈದು ಮಿಲಿಲೀಟರ್, ಹೆಚ್ಚುಕಡಿಮೆ ಒಂದು ಟೀ ಚಮಚ. ಬೇಡವಾದದ್ದನ್ನು ಪ್ರಾಣಿಗಳು ನಮ್ಮ ಮುಲಾಜಿಗೆ ತಿನ್ನುವುದೂ ಇಲ್ಲ, ಕುಡಿಯುವುದೂ ಇಲ್ಲ. ನೀರಿಲ್ಲದೆ ಒಣ ತಿಂಡಿಯ ಮೇಲೆ ಇಟ್ಟರೆ ತೂಕ ಇಳಿಯುತ್ತದೆ, ಮರಿ ಹಾಕಿದ ತಾಯಿಗೆ ಇನ್ನೂ ಕಷ್ಟ. ಸಾಯದಿರುವುದು ಒಂದು ಸಂಗತಿ, ಸುಖವಾಗಿರುವುದು ಇನ್ನೊಂದು.

ಇಂಗ್ಲೆಂಡಿನ ರೆಡಿಂಗ್‌ನಲ್ಲಿ ನನ್ನ ತಂಗಿಯ ಮನೆಯಿದೆ. ಅವಳ ಮಗಳಿಗೆ ಎರಡು ಜರ್ಬಿಲ್, ಅಕ್ಕತಂಗಿಯರು. ಒಂದು ಬೇಸಿಗೆಯಲ್ಲಿ ನಾನು ಅಲ್ಲಿದ್ದಾಗ ಎಲ್ಲರೂ ಕೂಡಿ ಸ್ಕಾಟ್ಲೆಂಡಿಗೆ ಹೋದೆವು. ಮನೆಯ ಬೀಗದ ಕೈ ಅದೇ ರಸ್ತೆಯ ಗೆಳೆಯರೊಬ್ಬರ ಬಳಿ. ಸಜ್ಜನ, ಹೇಳಿದ ಸಮಯಕ್ಕೆ ತಪ್ಪದವರು. ದಿನವೂ ಬಂದು ನೋಡಿದ್ದಾರೆ, ದಿನವೂ ಫೋಟೊ ಕಳಿಸಿದ್ದಾರೆ: ಬಾಟಲಿಯಲ್ಲಿ ನೀರು ತುಂಬಿದೆ, ಬಟ್ಟಲಲ್ಲಿ ಕಾಳಿದೆ, ಎಲ್ಲ ಕ್ಷೇಮ. ನಾವು ಮರಳಿದ ಸಂಜೆ ಹುಡುಗಿ ಷೂ ಬಿಚ್ಚದೆ ತೊಟ್ಟಿಯ ಬಳಿಗೆ ಓಡಿದಳು. ಎರಡೂ ಮೂಲೆಯಲ್ಲಿ ಮುದುರಿ ಕೂತಿದ್ದವು, ಕೂದಲು ಕಳೆಗುಂದಿತ್ತು. ದೊಡ್ಡವರು ಬಾಟಲಿ ನೋಡಿ, ಪ್ರಯಾಣ ನಮಗಾಗಿದೆ ಸುಸ್ತು ಇವಕ್ಕಾಗಿದೆ ಎಂದು ನಕ್ಕರು. ಅವಳು ನಗಲಿಲ್ಲ.

“ಮಾವ, ಫುಲ್ ಇದೆ ಅಂದ್ರೆ ಯಾರೂ ಕುಡಿದಿಲ್ಲ ಅಂತ ತಾನೆ?”

ಆಮೇಲೆ ಬಾಟಲಿಯ ತುದಿಗೆ ಬೆರಳಿಟ್ಟು ಒತ್ತಿದಳು. ಈ ಬಾಟಲಿಗಳ ರಚನೆ ಸರಳ. ತಲೆಕೆಳಗಾಗಿ ನೇತುಹಾಕಿದ ಬಾಟಲಿ, ಅದಕ್ಕೊಂದು ಲೋಹದ ನಳಿಗೆ, ನಳಿಗೆಯ ತುದಿಯಲ್ಲಿ ಉಕ್ಕಿನ ಸಣ್ಣ ಗುಂಡು. ಪ್ರಾಣಿ ನಾಲಿಗೆಯಿಂದ ಗುಂಡನ್ನು ಒಳಕ್ಕೆ ತಳ್ಳಿದಾಗ ಒಂದು ಹನಿ ಇಳಿಯುತ್ತದೆ, ಆ ಹನಿಯ ಜಾಗಕ್ಕೆ ಗಾಳಿಯ ಗುಳ್ಳೆ ಮೇಲೇರುತ್ತದೆ. ಗುಳ್ಳೆ ಏರದಿದ್ದರೆ ಹನಿ ಇಳಿಯದು. ರೆಡಿಂಗ್‌ನ ನೀರು ಸುಣ್ಣಕಲ್ಲಿನ ನೆಲದಿಂದ ಬರುವ ಗಡಸು ನೀರು; ನಮ್ಮ ಬೆಂಗಳೂರಿನ ಬೋರ್‌ವೆಲ್ ಮನೆಗಳ ನಲ್ಲಿಮೂತಿಯಂತೆಯೇ ಅಲ್ಲೂ ಬಿಳಿಯ ಪೊರೆ ಕಟ್ಟುತ್ತದೆ. ಗುಂಡು ಆ ಸುಣ್ಣದಲ್ಲಿ ಕಚ್ಚಿಕೊಂಡಿತ್ತು. ಒತ್ತಿದರೂ ಅಲುಗಲಿಲ್ಲ, ಬೆರಳು ಒದ್ದೆಯಾಗಲಿಲ್ಲ. ಕಾಳೂ ಹೆಚ್ಚು ಖರ್ಚಾಗಿರಲಿಲ್ಲ. ಬಾಯಿ ಒಣಗಿದ ಪ್ರಾಣಿ ಒಣಗಿದ್ದನ್ನು ತಿನ್ನದು. ಬಾಟಲಿಯ ಮುಚ್ಚಳದಲ್ಲಿ ನೀರು ಹಾಕಿ ಇಟ್ಟಾಗ ಎರಡೂ ಒಂದರ ಮೇಲೊಂದು ಬಿದ್ದು ಕುಡಿದವು. ಪಶುವೈದ್ಯೆ ಕುತ್ತಿಗೆಯ ಹಿಂದಿನ ಚರ್ಮವನ್ನು ಚಿವುಟಿ ಬಿಟ್ಟು, ಮಡಿಕೆ ಎಷ್ಟು ನಿಧಾನವಾಗಿ ಇಳಿಯುತ್ತದೆ ಎಂದು ನೋಡಿ, ಚರ್ಮದಡಿಗೆ ಲವಣದ್ರಾವಣ ಕೊಟ್ಟರು. ಬದುಕಿದವು.

ನಾನು ಈ ಪ್ರಸಂಗವನ್ನು ಬಹಳ ಯೋಚಿಸಿದ್ದೇನೆ. ಆ ಗೆಳೆಯರಲ್ಲಿ ಪ್ರೀತಿಗೆ ಕೊರತೆಯಿರಲಿಲ್ಲ, ಶ್ರದ್ಧೆಗೂ ಇರಲಿಲ್ಲ. ಕೊರತೆ ಇದ್ದದ್ದು ಒಂದೇ ಪ್ರಶ್ನೆಗೆ. ತುಂಬಿದ ಬಾಟಲಿಯನ್ನು ಕಂಡಾಗ ಅವರಿಗೆ ಸಮಾಧಾನವಾಯಿತು; ಎಷ್ಟು ದಿನ ಕಳೆದರೂ ನೀರಿನ ಮಟ್ಟ ಇಳಿಯದಿರುವುದೇ ಆತಂಕದ ಸುದ್ದಿ ಎಂದು ಹೊಳೆಯಲಿಲ್ಲ. ತಿರುಗಿಸಿ ನೋಡಿದರೆ, ಒಂದೇ ರಾತ್ರಿಯಲ್ಲಿ ಬರಿದಾದ ಬಾಟಲಿಯೂ ಚೆನ್ನಾಗಿ ಕುಡಿದಿದ್ದಕ್ಕೆ ಸಾಕ್ಷಿಯಲ್ಲ. ಬಹುತೇಕ ಸಲ ಅದು ಸೋರಿದ್ದರ ಸಾಕ್ಷಿ, ಕೆಳಗಿನ ಹಾಸು ಮುಟ್ಟಿದರೆ ಗೊತ್ತಾಗುತ್ತದೆ. ಕಣ್ಣಿಗೆ ಕಂಡದ್ದು ಏನು, ಅದರಿಂದ ನಾವು ತೆಗೆದ ತೀರ್ಮಾನ ಏನು, ನಡುವೆ ಬೇರೆ ಸಾಧ್ಯತೆ ಇದೆಯೇ ಎಂದು ಕೇಳಿಕೊಳ್ಳುವ ಅಭ್ಯಾಸವನ್ನೇ ನಾವು ದೊಡ್ಡ ವೇದಿಕೆಗಳಲ್ಲಿ ವೈಚಾರಿಕತೆ ಎಂದು ಕರೆಯುವುದು. ಪವಾಡಪುರುಷರನ್ನು ಬಯಲಿಗೆಳೆಯುವುದಕ್ಕೆ ಮಾತ್ರ ಅದನ್ನು ಎತ್ತಿಟ್ಟರೆ ಅದಕ್ಕೆ ತುಕ್ಕು ಹಿಡಿಯುತ್ತದೆ.

ಹಾಗಾದರೆ ಮಾಡಬೇಕಾದದ್ದೇನು? ದಿನಕ್ಕೊಮ್ಮೆ ಬೆರಳಿನಿಂದ ಗುಂಡನ್ನು ಒತ್ತಿ, ಗುಳ್ಳೆ ಏರುವುದನ್ನು ಕಣ್ಣಾರೆ ನೋಡುವುದು. ಬಾಟಲಿಯ ಮೇಲೆ ಪೆನ್ನಿನಿಂದ ಗೆರೆ ಎಳೆದು ನಾಳೆ ಅದು ಎಲ್ಲಿದೆ ಎಂದು ಹೋಲಿಸುವುದು. ಒಂದರ ಬದಲು ಎರಡು ಬಾಟಲಿ ತೂಗುಹಾಕುವುದು, ಒಂದು ಕೈಕೊಟ್ಟರೆ ಇನ್ನೊಂದು. ಆಗಾಗ ವಿನೆಗರ್ ಹಾಕಿ ಸುಣ್ಣ ಬಿಡಿಸುವುದು. ತೊಟ್ಟಿಯಲ್ಲಿ ಮರಿಗಳಿದ್ದರೆ, ಮೂರನೆಯ ವಾರದ ಹೊತ್ತಿಗೆ ಅವು ಕಾಳು ಕಡಿಯಲು ಶುರುಮಾಡುವಾಗ ನಳಿಗೆ ಅವುಗಳ ಮೂತಿಗೆ ಎಟಕುತ್ತದೆಯೇ ಎಂದು ಬಗ್ಗಿ ನೋಡಬೇಕು. ತಾಯಿಯ ಎತ್ತರಕ್ಕೆ ಕಟ್ಟಿದ ಬಾಟಲಿ ಮರಿಗೆ ಇಲ್ಲದ ಹಾಗೆಯೇ. ಕೆಲವರು ನೀರಿಗೆ ವಿಟಮಿನ್ ಹನಿ ಬೆರೆಸುತ್ತಾರೆ. ರುಚಿ ಕೆಟ್ಟರೆ ಪ್ರಾಣಿ ಕಡಿಮೆ ಕುಡಿಯುತ್ತದೆ. ಒಳ್ಳೆಯದು ಮಾಡಲು ಹೋಗಿ ಇದ್ದದ್ದನ್ನೂ ಕಳೆದ ಹಾಗೆ. ತೆರೆದ ಬಟ್ಟಲಲ್ಲಿ ನೀರಿಡಬಹುದು, ಆದರೆ ತೋಡುವುದೇ ಕಸುಬಾದ ಪ್ರಾಣಿ ಅದು, ಗಂಟೆಯೊಳಗೆ ಬಟ್ಟಲನ್ನು ಹೊಟ್ಟಿನಲ್ಲಿ ಹೂತುಬಿಡುತ್ತದೆ. ಕಾರಿನಲ್ಲಿ ಕರೆದೊಯ್ಯುವಾಗ ಬಾಟಲಿ ತೊಟ್ಟಿಕ್ಕುತ್ತದೆ, ಆಗ ಒಂದು ಹೋಳು ಸೌತೆಕಾಯಿ ಸಾಕು.

ಹೋಳು ಎಂದೆ. ಇಡೀ ಸೌತೆಕಾಯಿ ಎನ್ನಲಿಲ್ಲ. ಮೇಲಿನ ಪ್ರಸಂಗದಂಥದ್ದು ಕೇಳಿದ ಮೇಲೆ ಮರುಗುವ ಮನಸ್ಸು ಇನ್ನೊಂದು ಕೊನೆಗೆ ಓಡುತ್ತದೆ: ಮೂರು ಹೊತ್ತೂ ಹಸಿ ತರಕಾರಿ, ತೊಟ್ಟಿಯೊಳಗೆ ಒದ್ದೆ ಬಟ್ಟೆ, ನೀರು ಚಿಮುಕಿಸುವುದು. ಒಣನಾಡಿನ ಆ ಮೈ ಇಲ್ಲಿ ನಿಜಕ್ಕೂ ಅಡ್ಡ ಬರುತ್ತದೆ. ನೀರು ತುಂಬಿದ ತರಕಾರಿ ಹೆಚ್ಚಾದರೆ ಭೇದಿ, ಭೇದಿಯಾದರೆ ಕೊಟ್ಟ ನೀರಿಗಿಂತ ಹೆಚ್ಚು ಹೊರಹೋಗುತ್ತದೆ. ಗಾಳಿಯ ಆರ್ದ್ರತೆ ಶೇ 50 ದಾಟಿದರೆ ಕೂದಲು ಜಿಡ್ಡುಗಟ್ಟಿ ಸೆಟೆಯುತ್ತದೆ, ಕಣ್ಣಿನ ಹಿಂದಿನ ಗ್ರಂಥಿಯ ಸ್ರಾವ ಮೂಗಿನ ಸುತ್ತ ಕಟ್ಟಿಕೊಂಡು ಹುಣ್ಣಾಗುತ್ತದೆ. ಒದ್ದೆ ಹಾಸು, ಕೊಳಕು ಸೇರಿದರೆ ಟೈಜರ್ ಕಾಯಿಲೆಯ ಭಯ; ಪ್ರಯೋಗಾಲಯದ ಪ್ರಾಣಿಗಳ ಪೈಕಿ ಅದಕ್ಕೆ ಬೇಗ ಬಲಿಯಾಗುವುದರಲ್ಲಿ ಜರ್ಬಿಲ್‌ಗೆ ಹೆಸರಿದೆ. ಹೀಗಾಗಿ ಮಂಗಳೂರಿನ ಮಳೆಗಾಲದಲ್ಲಿ ಜರ್ಬಿಲ್ ಸಾಕುತ್ತೇನೆ ಎನ್ನುವವರಿಗೆ ನನ್ನ ಸಲಹೆ, ಸಾಕಬೇಡಿ. ಕುಡಿಯಲು ಯಾವಾಗಲೂ ನೀರು, ಕೂರಲು ಯಾವಾಗಲೂ ಒಣ ಜಾಗ, ಎರಡೂ ಏಕಕಾಲಕ್ಕೆ ಬೇಕು. ಮರುಕ ಈ ಎರಡನ್ನು ಬೇರ್ಪಡಿಸಿ ನೋಡಲಾರದು, ಅದಕ್ಕೆ ತಿಳಿವಳಿಕೆಯೇ ಬೇಕು.

ನಮ್ಮಲ್ಲಿ ನೀರು ಕೊಡುವ ಪರಂಪರೆಗೆ ಬರವಿಲ್ಲ. ಬೇಸಿಗೆ ಬಂತೆಂದರೆ ಅರವಟ್ಟಿಗೆ, ಊರ ಹೊರಗೆ ದನಗಳಿಗೆ ಗೋಕಟ್ಟೆ, ಈಚೆಗೆ ಮಹಡಿಯ ಮೇಲೆ ಹಕ್ಕಿಗಳಿಗೆ ಮಣ್ಣಿನ ಬಟ್ಟಲು. ಒಳ್ಳೆಯ ಪರಂಪರೆ, ಇದನ್ನು ಹಗುರಾಗಿ ಆಡುವ ಮನಸ್ಸು ನನಗಿಲ್ಲ. ಆದರೆ ನೀರು ಕೊಡುವುದು ಪುಣ್ಯದ ಬಾಬತ್ತಾದಾಗ ಕೊಟ್ಟ ಗಳಿಗೆಗೇ ಲೆಕ್ಕ ಮುಗಿದುಹೋಗುತ್ತದೆ. ಯುಗಾದಿಯ ಆಸುಪಾಸಿನಲ್ಲಿ ಉದ್ಘಾಟನೆಯಾದ ಅರವಟ್ಟಿಗೆಯ ಹಂಡೆ ಮೇ ತಿಂಗಳ ಮಧ್ಯಾಹ್ನ ಹೇಗಿದೆ ಎಂದು ಇಣುಕಿದವರಿಗೆ ಇದು ಗೊತ್ತು. ಹಕ್ಕಿಯ ಬಟ್ಟಲಿಗೂ ಅದೇ ಪಾಡು: ಮೊದಲ ವಾರ ಫೋಟೊ, ಆಮೇಲೆ ಪಾಚಿ, ಕೊನೆಗೆ ಸೊಳ್ಳೆಮರಿ. ಬಾಯಾರಿಕೆ ನಾಳೆಯೂ ಬರುವಂಥದ್ದು. ಕೊಡುವವನ ಕಡೆಯಿಂದ ನೋಡಿದರೆ ಅದು ಒಂದು ದಾನ, ಕುಡಿಯುವವನ ಕಡೆಯಿಂದ ನೋಡಿದರೆ ತಪ್ಪದೆ ನಡೆಯಬೇಕಾದ ವ್ಯವಸ್ಥೆ.

ಸಂವಿಧಾನದ 51ಎ ವಿಧಿ ನಾಗರಿಕರ ಮೂಲಭೂತ ಕರ್ತವ್ಯಗಳನ್ನು ಹೇಳುತ್ತದೆ. 1976ರ 42ನೇ ತಿದ್ದುಪಡಿಯಿಂದ ಸೇರಿದ್ದು. ಅದರ ಜಿ ಉಪಖಂಡದಲ್ಲಿ ಜೀವಿಗಳ ಮೇಲಿನ ಕರುಣೆ ಇದೆ. ಮರುಸಾಲೇ ಎಚ್: ವೈಜ್ಞಾನಿಕ ಮನೋಭಾವ, ಮಾನವತಾವಾದ, ಪ್ರಶ್ನಿಸುವ ಮತ್ತು ಸುಧಾರಿಸುವ ಪ್ರವೃತ್ತಿ. ಕರಡು ಬರೆದವರು ಬೇಕೆಂದೇ ಇವನ್ನು ಅಕ್ಕಪಕ್ಕ ಇಟ್ಟರೆಂದು ನಾನು ಹೇಳುತ್ತಿಲ್ಲ. ಇಟ್ಟದ್ದು ಚೆನ್ನಾಗಿದೆ ಎಂದಷ್ಟೇ ನನ್ನ ಅಭಿಪ್ರಾಯ. ಪ್ರಾಣಿದಯೆಯ ಸಭೆಗಳಲ್ಲಿ ಜಿ ಓದಿ ಕೂರುತ್ತೇವೆ, ವಿಚಾರವಾದಿಗಳ ಸಭೆಗಳಲ್ಲಿ ಎಚ್. ಬಾಟಲಿಯ ತುದಿಯ ಗುಂಡನ್ನು ಒತ್ತುವ ಬೆರಳಿಗೆ ಎರಡೂ ಬೇಕು.

ಕಾನೂನಿನ ಕತೆ ಬೇಗ ಹೇಳಿ ಮುಗಿಸಬಹುದು. ರುಕ್ಮಿಣಿದೇವಿ ಅರುಂಡೇಲ್ ರಾಜ್ಯಸಭೆಯಲ್ಲಿ ಖಾಸಗಿ ಮಸೂದೆ ತಂದು ಹಟ ಹಿಡಿದದ್ದರ ಫಲವಾಗಿ ಬಂದ 1960ರ ಪ್ರಾಣಿಹಿಂಸೆ ತಡೆ ಕಾಯ್ದೆಯ 11ನೇ ಸೆಕ್ಷನ್ ಪ್ರಕಾರ, ಸಾಕಿದ ಪ್ರಾಣಿಗೆ ಸಾಕಷ್ಟು ಆಹಾರ, ನೀರು, ಆಸರೆ ಕೊಡದಿರುವುದು ಅಪರಾಧ. ಮೊದಲ ಸಲದ ದಂಡ 10 ರೂಪಾಯಿಗೆ ಕಡಿಮೆಯಿಲ್ಲ, 50ಕ್ಕೆ ಹೆಚ್ಚಿಲ್ಲ. ಬ್ರಿಟನ್ನಿನ 2006ರ ಪ್ರಾಣಿಕ್ಷೇಮ ಕಾಯ್ದೆ ಇನ್ನೊಂದು ಹೆಜ್ಜೆ ಮುಂದಿದೆ. ಹಿಂಸೆ ನಡೆಯುವವರೆಗೆ ಕಾಯದೆ, ಪ್ರಾಣಿಯ ಅಗತ್ಯಗಳನ್ನು ಪೂರೈಸುವುದನ್ನೇ ಸಾಕಿದವರ ಕರ್ತವ್ಯವೆಂದು ವಿಧಿಸುತ್ತದೆ. ಹದಿನಾರು ತುಂಬದವರಿಗೆ ಪ್ರಾಣಿ ಮಾರುವಂತಿಲ್ಲ, ಮಗುವಿನ ಹೆಸರಿನಲ್ಲಿರುವ ಪ್ರಾಣಿಗೂ ಅಪ್ಪ ಅಮ್ಮನೇ ಹೊಣೆ. ಈ ಅಂಶ ನನಗೆ ಹಿಡಿಸಿತು. ಮಗುವಿಗೆ ಜವಾಬ್ದಾರಿ ಕಲಿಸಲು ಒಂದು ಜೀವವನ್ನು ಪಾಠದ ಸಾಮಗ್ರಿ ಮಾಡಿ, ಮಗು ಮರೆತಾಗ ಆ ಜೀವ ಅದಕ್ಕೆ ಬೆಲೆ ತೆರಲಿ ಎನ್ನುವ ಶಿಕ್ಷಣಪದ್ಧತಿಯಲ್ಲಿ ನನಗೆ ನಂಬಿಕೆಯಿಲ್ಲ.

ಇಷ್ಟು ಓದಿದವರಲ್ಲಿ ಯಾರಾದರೂ ಈ ಹೊತ್ತಿಗೆ ಕೇಳಿರುತ್ತಾರೆ: ಮನುಷ್ಯರಿಗೇ ಕುಡಿಯುವ ನೀರಿಲ್ಲದ ನಾಡಿನಲ್ಲಿ ಇಂಗ್ಲೆಂಡಿನ ಇಲಿಯ ಚಿಂತೆಯೇ? ನ್ಯಾಯವಾದ ಪ್ರಶ್ನೆ. ಪ್ರಾಣಿಯ ಮೇಲಿನ ಮಮತೆ ಮನುಷ್ಯರ ಮೇಲಿನ ಕ್ರೌರ್ಯದ ಜೊತೆಗೆ ಹಾಯಾಗಿ ಬಾಳಬಲ್ಲದು ಎಂಬುದಕ್ಕೆ ನಮ್ಮ ಚರಿತ್ರೆಯೇ ಸಾಕ್ಷಿ. ಮಹಾಡದ ಚವದಾರ್ ಕೆರೆಯಲ್ಲಿ ದನ, ನಾಯಿ ನೀರು ಕುಡಿಯಬಹುದಿತ್ತು, ದಲಿತರು ಮುಟ್ಟುವಂತಿರಲಿಲ್ಲ; ಅದೂ ಕೆರೆ ಎಲ್ಲರಿಗೂ ತೆರೆದಿದೆ ಎಂದು ಪುರಸಭೆ ನಿರ್ಣಯಿಸಿದ ಮೇಲೆ. 1927ರ ಮಾರ್ಚ್ 20ರಂದು ಅಂಬೇಡ್ಕರ್ ಜನರೊಂದಿಗೆ ಹೋಗಿ ಆ ನೀರನ್ನು ಕುಡಿದರು. ಆಮೇಲೆ ಸನಾತನಿಗಳು 108 ಕೊಡ ಪಂಚಗವ್ಯ ಸುರಿದು ಕೆರೆಯನ್ನು ‘ಶುದ್ಧಿ’ ಮಾಡಿದರು. ಹಾಗಾಗಿ ಇಲಿಗೆ ನೀರಿಡುವವರೆಲ್ಲ ಮಾನವತಾವಾದಿಗಳು ಎಂದು ನಾನು ಹೇಳಲಾರೆ. ಆದರೆ ಜರ್ಬಿಲ್‌ಗೆ ನೀರು ಬೇಡ ಎನ್ನುವ ವಾದವನ್ನೇ ಮನುಷ್ಯರ ಮೇಲೂ ದಿನವೂ ಹೂಡುತ್ತಿದ್ದೇವೆ, ನನ್ನ ಆಸಕ್ತಿ ಅದರ ಮೇಲೆ.

“ಅವರಿಗೆ ಒಗ್ಗಿಹೋಗಿದೆ ಬಿಡಿ.” ಕಟ್ಟಡದ ಸೆಂಟ್ರಿಂಗ್ ಕೆಲಸದವರ ಬಗ್ಗೆ, ಡಾಂಬರು ಹಾಕುವವರ ಬಗ್ಗೆ, ಟ್ರಾಫಿಕ್ಕಿನಲ್ಲಿ ನಿಂತ ಪೊಲೀಸರ ಬಗ್ಗೆ, ಕಬ್ಬು ಕಡಿಯುವ ತಾಂಡಾದ ಹೆಂಗಸರ ಬಗ್ಗೆ ಈ ಮಾತು ಎಷ್ಟು ಸಲೀಸಾಗಿ ಬರುತ್ತದೆ! ಎರಡನೇ ಮಹಾಯುದ್ಧದ ಕಾಲದಲ್ಲಿ ಸೇನೆಗಳಲ್ಲೂ ಇಂಥದ್ದೇ ನಂಬಿಕೆಯಿತ್ತು: ಸಿಪಾಯಿಗೆ ದಿನದಿನಕ್ಕೆ ನೀರು ಕಡಿಮೆ ಮಾಡುತ್ತ ಬಂದರೆ ಅವನ ದೇಹ ಕಡಿಮೆ ನೀರಿಗೆ ಪಳಗುತ್ತದೆ ಎಂದು. ರೋಚೆಸ್ಟರ್ ವಿಶ್ವವಿದ್ಯಾಲಯದ ಎಡ್ವರ್ಡ್ ಅಡಾಲ್ಫ್ ಮತ್ತು ಸಂಗಡಿಗರು ಅಮೆರಿಕದ ಮರುಭೂಮಿಯಲ್ಲಿ ಸೈನಿಕರ ಬೆವರು, ಮೂತ್ರ, ತೂಕ ಅಳೆದು ಇದನ್ನು ಪರೀಕ್ಷಿಸಿದರು, 1947ರಲ್ಲಿ ಪುಸ್ತಕವಾಗಿ ಪ್ರಕಟಿಸಿದರು. ದೇಹ ಪಳಗುವುದಿಲ್ಲ. ಬಿಸಿಲಿಗೆ ಒಗ್ಗಿದವನು ಚೆನ್ನಾಗಿ ಬೆವರುವುದನ್ನು ಕಲಿಯುತ್ತಾನೆ, ಅಂದರೆ ಅವನಿಗೆ ನೀರು ಹೆಚ್ಚೇ ಬೇಕು. ಒಗ್ಗುವುದು ದೂರು ಹೇಳದೆ ಇರುವುದಕ್ಕೆ ಮಾತ್ರ.

ಕಾಂಗರೂ ಇಲಿಗಾದರೂ ಆ ಮೂತ್ರಪಿಂಡವಿದೆ. ಹೆಣ್ಣುಮಕ್ಕಳಿಗೆ ಯಾರೂ ಅದನ್ನು ಕೊಟ್ಟಿಲ್ಲ. ಕೋಳಿಕ್ಕೋಡಿನ ಅಂಗಡಿಗಳಲ್ಲಿ ದಿನವಿಡೀ ನಿಂತು ಬಟ್ಟೆ ತೋರಿಸುತ್ತಿದ್ದ ಹೆಂಗಸರು ಬೀದಿಗಿಳಿದು ಮೊದಲು ಕೇಳಿದ್ದು ಸಂಬಳವನ್ನಲ್ಲ, ಶೌಚಾಲಯವನ್ನು. ಅದಿಲ್ಲದ್ದಕ್ಕೆ ಅವರು ನೀರು ಕುಡಿಯುವುದನ್ನೇ ಕಡಿಮೆ ಮಾಡಿದ್ದರು. ಆ ಹೋರಾಟ ಬೆಳೆದು, 2018ರಲ್ಲಿ ಕೇರಳ ತನ್ನ ಅಂಗಡಿ ಕಾಯ್ದೆಗೆ ತಿದ್ದುಪಡಿ ತಂದು ಕೂರುವ ಹಕ್ಕು ಕೊಟ್ಟಿತು. ತಮಿಳುನಾಡು 2021ರಲ್ಲಿ ಅದೇ ದಾರಿ ಹಿಡಿಯಿತು.

ನಮ್ಮ ಕಡೆಯ ಒಂದು ಸಿದ್ಧ ಉಡುಪಿನ ಕಾರ್ಖಾನೆಗೆ ಒಮ್ಮೆ ಹೋಗಿದ್ದೆ. ಹೊಲಿಗೆಯ ಸಾಲುಗಳ ಕೊನೆಗೆ ಸ್ಟ್ಯಾಂಡಿನ ಮೇಲೆ 20 ಲೀಟರಿನ ನೀರಿನ ಕ್ಯಾನ್ ಇತ್ತು, ಪಕ್ಕದಲ್ಲಿ ಸ್ಟೀಲ್ ಲೋಟ. ಮ್ಯಾನೇಜರು ಅದನ್ನು ಹೆಮ್ಮೆಯಿಂದಲೇ ತೋರಿಸಿದರು. ಬೆಳಿಗ್ಗೆ ಹಾಕಿಸಿದ್ದು, ಶುದ್ಧ ನೀರು, ಯಾರು ಬೇಕಾದರೂ ಕುಡಿಯಬಹುದು. ಮಧ್ಯಾಹ್ನ ಮೂರು ದಾಟಿತ್ತು. ಮೇಲೆ ತಗಡಿನ ಸೂರು, ಅಡಿಯಲ್ಲಿ ಐವತ್ತು ಅರವತ್ತು ಜನ. ಕ್ಯಾನು ಕತ್ತಿನವರೆಗೂ ತುಂಬಿತ್ತು. ಅವರು ಫೋನಿಗೆಂದು ಆಚೆ ಹೋದಾಗ ಹತ್ತಿರದ ಮಿಶಿನ್ನಿನಲ್ಲಿ ಕಾಲರ್ ಕೂಡಿಸುತ್ತಿದ್ದ ಹೆಂಗಸನ್ನು ಕೇಳಿದೆ, “ಯಾಕಮ್ಮ, ನೀರು ಯಾರೂ ಮುಟ್ಟೇ ಇಲ್ವಲ್ಲ, ಚೆನ್ನಾಗಿಲ್ವಾ?”

ಆಕೆ ಪೆಡಲಿನಿಂದ ಕಾಲು ತೆಗೆಯಲಿಲ್ಲ. “ನೀರು ಚೆನ್ನಾಗೇ ಅದೆ ಸಾರ್. ಟಾಯ್ಲೆಟ್ಟಿಗೆ ಹೋಗೋಕೆ ಟೋಕನ್ ಬೇಕು, ಅದು ಸೂಪರ್‌ವೈಸರ್ ಹತ್ರ ಇರ್ತದೆ.”